ಲೆಕ್ಕ ತಪ್ಪದವರು

ಕೋಟಿಗಟ್ಟಲೆ ಜನರ ಸಾವನ್ನು ಕುರಿತು ನಗಬಹುದೇ? 1964ರಲ್ಲಿ ಸ್ಟ್ಯಾನ್ಲಿ ಕೂಬ್ರಿಕ್ ಅವರ ‘ಡಾಕ್ಟರ್ ಸ್ಟ್ರೇಂಜ್‌ಲವ್’ ಚಿತ್ರ ತೆರೆಗೆ ಬಂದಾಗ ಸಭ್ಯರಾದ ಕೆಲವರು ಕೇಳಿದ ಪ್ರಶ್ನೆಯಿದು. ಬುದ್ಧಿ ಕೆಟ್ಟ ಸೇನಾಪತಿಯೊಬ್ಬ ತನ್ನಿಚ್ಛೆಯಿಂದಲೇ ರಷ್ಯದ ಮೇಲೆ ಬಾಂಬಿನ ವಿಮಾನಗಳನ್ನು ಅಟ್ಟುತ್ತಾನೆ. ಇಂಥದು ನಡೆಯಲಾರದೆಂದು ಅಮೆರಿಕದ ವಾಯುಪಡೆಯ ಹೆಸರಿನಲ್ಲಿ ಒಂದು ಅಭಯವಚನವೂ ಚಿತ್ರದ ಆರಂಭದಲ್ಲಿದೆ. ಸಂಪರ್ಕ ಕಡಿದುಹೋದ ತುರ್ತಿನಲ್ಲಿ ತಮ್ಮನ್ನು ಕೇಳದೆಯೂ ಅಣ್ವಸ್ತ್ರ ಬಳಸಲು ಅಧ್ಯಕ್ಷ ಐಸೆನ್‌ಹೋವರ್ ಕೆಲವು ಸೇನಾಪತಿಗಳಿಗೆ ಅನುಮತಿ ಕೊಟ್ಟಿದ್ದ ಸಂಗತಿ ಎಷ್ಟೋ ವರ್ಷಗಳ ಮೇಲೆ ಹೊರಬಿತ್ತು!

ಆದರೆ ಹುಚ್ಚನಿಗೆ ಕ್ಷಮೆಯುಂಟು. ನನ್ನನ್ನು ಕಾಡುವವರು ಬುದ್ಧಿ ನೆಟ್ಟಗಿದ್ದವರು. ರ‍್ಯಾಂಡ್ ಸಂಸ್ಥೆಯ ಹರ್ಮನ್ ಕಾನ್ 1960ರ ತಮ್ಮ ಗ್ರಂಥದಲ್ಲಿ ಒಂದು ಕೋಷ್ಟಕ ಕೊಟ್ಟಿದ್ದಾರೆ: 20 ಲಕ್ಷ ಜನ ಸತ್ತರೆ ದೇಶದ ಆರ್ಥಿಕ ಚೇತರಿಕೆಗೆ ಒಂದು ವರ್ಷ, 16 ಕೋಟಿ ಸತ್ತರೆ ನೂರು ವರ್ಷ. ಬಡ್ಡಿಯ ಲೆಕ್ಕದಷ್ಟು ಅಚ್ಚುಕಟ್ಟು.

ಅದೇ ಸಂಸ್ಥೆಯ ಡೇನಿಯಲ್ ಎಲ್ಸ್‌ಬರ್ಗ್ 1961ರಲ್ಲಿ, ಸೇನಾ ಮುಖ್ಯಸ್ಥರಿಗೆ ಅಧ್ಯಕ್ಷ ಕೆನೆಡಿಯವರ ಹೆಸರಿನಲ್ಲಿ ಕಳಿಸಲು ಒಂದು ಪ್ರಶ್ನೆ ಬರೆದುಕೊಟ್ಟರು: ನಿಮ್ಮ ಯೋಜನೆಯಂತೆ ಯುದ್ಧವಾದರೆ ರಷ್ಯ, ಚೀನಗಳಲ್ಲಿ ಎಷ್ಟು ಜನ ಸಾಯುತ್ತಾರೆ? ಉತ್ತರ ಕೊಡಲಾರದೆ ಮುಜುಗರಪಡುತ್ತಾರೆಂದು ಅವರ ಎಣಿಕೆ. ಉತ್ತರ ಬೇಗನೆ ಬಂತು, ಒಂದೇ ಹಾಳೆಯಲ್ಲಿ, ಮೇಲೇರುವ ಗೆರೆಯೊಡನೆ: ಮೊದಲಿಗೆ 27½ ಕೋಟಿ, ಆರು ತಿಂಗಳಲ್ಲಿ 32½ ಕೋಟಿ. ಉಳಿದ ದೇಶಗಳನ್ನೂ ಸೇರಿಸಿ ಕೇಳಿದರೆ ಮೊತ್ತ ಸುಮಾರು 60 ಕೋಟಿ. ಅಂದಿನ ಲೋಕದ ಐದರಲ್ಲೊಂದು ಪಾಲು. ಯಾರ ಜಗಳಕ್ಕೂ ಹೋಗದ ಫಿನ್ಲೆಂಡಿನವರು, ಆಸ್ಟ್ರಿಯದವರು ಇದರಲ್ಲಿದ್ದರು. ಪಶ್ಚಿಮ ಯುರೋಪಿನ ಸ್ವಂತ ಮಿತ್ರರು ಎಷ್ಟು ಮಂದಿ ಸಾಯಬೇಕೆಂಬುದು ಗಾಳಿ ಬೀಸುವ ದಿಕ್ಕಿಗೆ ಬಿಟ್ಟದ್ದು.

ಆ ಗೆರೆ ಎಳೆದವರು ಕ್ರೂರಿಗಳೆಂದು ನಾನು ನಂಬಲಾರೆ. ಸಂಜೆ ಮನೆಗೆ ಹೋಗಿ ಮಕ್ಕಳಿಗೆ ಪಾಠ ಹೇಳಿಕೊಟ್ಟವರೇ ಇರಬೇಕು. ‘ಎಷ್ಟು’ ಎಂಬುದಕ್ಕೆ ಅವರಲ್ಲಿ ಉತ್ತರವಿತ್ತು. ‘ಮಾಡಬಹುದೇ’ ಎಂಬುದು ಯಾರ ಮೇಜಿಗೂ ಬಾರದ ಕಡತ. ಇಂಥ ಕಡೆ ನಗುವವನು ಸತ್ತವರನ್ನು ನೋಡಿ ನಗುತ್ತಿಲ್ಲ. ಕೋಷ್ಟಕದ ಗಾಂಭೀರ್ಯಕ್ಕೆ ತಲೆಬಾಗಲು ಒಲ್ಲೆನೆನ್ನುತ್ತಾನೆ. ಚಿತ್ರ ನೋಡಿ ಹೊರಬಂದ ಎಲ್ಸ್‌ಬರ್ಗರಿಗೂ ಅವರ ಸಹೋದ್ಯೋಗಿಗೂ ಅದು ಸಾಕ್ಷ್ಯಚಿತ್ರದಂತೆ ಕಂಡಿತಂತೆ.

1960ರ ಡಿಸೆಂಬರಿನಲ್ಲಿ ಇದೇ ಯೋಜನೆಯನ್ನು ಹಿರಿಯ ಅಧಿಕಾರಿಗಳ ಸಭೆಗೆ ವಿವರಿಸಲಾಯಿತು. ಚೀನ ಯುದ್ಧಕ್ಕೆ ಇಳಿಯದಿದ್ದರೂ ಅದರ ಮೇಲೆ ಬಾಂಬು ಬೀಳಬೇಕಿತ್ತು. ತಮ್ಮದಲ್ಲದ ಯುದ್ಧಕ್ಕಾಗಿ ಅಷ್ಟು ಜನ ಚೀನೀಯರನ್ನು ಕೊಲ್ಲುವ ಯೋಜನೆ ಒಳ್ಳೆಯದಲ್ಲವೆಂದು ಮರೀನ್ ಪಡೆಯ ಮುಖ್ಯಸ್ಥ ಡೇವಿಡ್ ಷೌಪ್ ಎದ್ದು ಹೇಳಿದರು. ಯಾರೂ ದನಿಗೂಡಿಸಲಿಲ್ಲ. ಅಲ್ಲಿದ್ದ ಜಾನ್ ರೂಬೆಲ್ ತಮ್ಮ ಆ ಮೌನವನ್ನು ಮುಪ್ಪಿನಲ್ಲಿ ಬರೆದಿಟ್ಟರು. ಯೋಜನೆ ಮಾತ್ರ 1961ರಲ್ಲಿ ಜಾರಿಗೆ ಬಂತು.