ವಿಳಂಬವೂ ಅನ್ಯಾಯವಲ್ಲವೆ?

ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆ ನಮ್ಮಲ್ಲಿದೆ. ಸಂವಿಧಾನವು ಮೀಸಲಾತಿಗೆ ದಾರಿ ಮಾಡಿಕೊಟ್ಟಿದೆ. ಅದನ್ನು ಕೈಗೆ ತಲುಪಿಸುವ ಜಾತಿ ಪ್ರಮಾಣಪತ್ರ ಮಾತ್ರ ಎಷ್ಟೋ ಸಲ ಕಛೇರಿಯ ಮೇಜು ಬಿಟ್ಟು ಕದಲುವುದಿಲ್ಲ. ಅಧಿಕಾರಿಗಳು ಇಲ್ಲವೆಂದಿಲ್ಲ, ತಡಮಾಡಿದ್ದಾರೆ, ಅಷ್ಟೆ. ಇದು ಬರಿಯ ಆಡಳಿತದ ಲೋಪವೆ, ಅಥವಾ ಅನ್ಯಾಯವೆ?

ಪ್ರಶ್ನೆ ನಮಗೆ ದೂರದ್ದಲ್ಲ. 2022ರ ಅಕ್ಟೋಬರಿನಲ್ಲಿ ಇದೇ ಚೆನ್ನೈಯ ಉಚ್ಚನ್ಯಾಯಾಲಯದ ಆವರಣದಲ್ಲಿ ಒಬ್ಬ ತಂದೆ ಆತ್ಮಾಹುತಿ ಮಾಡಿಕೊಂಡರು. ಮಕ್ಕಳಿಗೆ ಪರಿಶಿಷ್ಟ ಪಂಗಡದ ಪ್ರಮಾಣಪತ್ರ ದೊರೆಯಲಿಲ್ಲವೆಂಬುದೇ ಅವರ ಅಳಲಾಗಿತ್ತು. ನಾವು ಅದನ್ನು ಪತ್ರಿಕೆಯಲ್ಲಿ ಓದಿದೆವು, ಅಯ್ಯೋ ಎಂದೆವು, ಕಾಫಿ ಮುಗಿಸಿ ಕೆಲಸಕ್ಕೆ ಹೊರಟೆವು.

ಊರು ಬಿಟ್ಟು ಬಂದವರಿಗೆ ಈ ಕಷ್ಟ ಇಮ್ಮಡಿ. ಇಲ್ಲಿ ಬೆಳೆದ ಮಗುವಿಗೆ ಪತ್ರ ಬೇಕಾದರೆ, ಊರಿನ ಅಧಿಕಾರಿಗಳು ತಂದೆಗೆ ಕೊಟ್ಟ ಪತ್ರವನ್ನು ಇಲ್ಲಿ ತೋರಿಸಬೇಕು. ಎರಡು ರಾಜ್ಯ, ಎರಡು ಕಛೇರಿ, ಎರಡು ಕಡೆಯ ಕಾಯುವಿಕೆ. ಹುಟ್ಟೂರಿನ ಪಟ್ಟಿಯಲ್ಲಿ ಪರಿಶಿಷ್ಟರೆನಿಸಿದವರಿಗೆ ವಲಸೆ ಬಂದ ರಾಜ್ಯದಲ್ಲಿ ಆ ಸ್ಥಾನ ತಾನಾಗಿ ಬಾರದೆಂದು 1990ರಲ್ಲಿ ಮರ್ರಿ ಚಂದ್ರಶೇಖರ ರಾವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿತು. ಆದರೂ ಕೇಂದ್ರ ಸರಕಾರದ ವಿದ್ಯಾಸಂಸ್ಥೆಗಳಿಗೂ ಉದ್ಯೋಗಗಳಿಗೂ ಆ ಪತ್ರ ಬೇಕೇ ಬೇಕು.

ಹಾಗಾದರೆ ನ್ಯಾಯಾಲಯ ಏನು ಮಾಡಬಲ್ಲುದು? ಸಂವಿಧಾನದ 226ನೆಯ ವಿಧಿಯಂತೆ ಉಚ್ಚನ್ಯಾಯಾಲಯವು 'ಮ್ಯಾಂಡಮಸ್' ಎಂಬ ಆಜ್ಞೆಯನ್ನು ಹೊರಡಿಸಬಹುದು. ಅದರಿಂದ ಪತ್ರವೇ ಕೈಗೆ ಬಂದೀತೆಂದು ಭಾವಿಸಬಾರದು. ಇಷ್ಟು ವಾರಗಳೊಳಗೆ ತೀರ್ಮಾನಿಸಿರಿ ಎಂಬುದೇ ಸಾಮಾನ್ಯವಾಗಿ ಅದರ ಸಾರ. ಇಷ್ಟೇನೆ ಎನಿಸಬಹುದು. ಆದರೆ ಇದರಲ್ಲಿ ದೊಡ್ಡ ನೀತಿಯೊಂದಿದೆ. ಇಲ್ಲವೆಂಬ ಉತ್ತರಕ್ಕೆ ಒಬ್ಬರ ಸಹಿ ಇರುತ್ತದೆ, ಕಾರಣವಿರುತ್ತದೆ, ಅದನ್ನು ಮೇಲಿನವರಲ್ಲಿ ಪ್ರಶ್ನಿಸಬಹುದು. ಮೌನಕ್ಕೆ ಸಹಿ ಇಲ್ಲ, ಹೊಣೆ ಹೊರುವವರೂ ಇಲ್ಲ. ಆದ್ದರಿಂದ ವಿಳಂಬವು ನಿರಾಕರಣೆಗಿಂತ ಸಣ್ಣ ತಪ್ಪಲ್ಲ. ಒಮ್ಮೊಮ್ಮೆ ಅದಕ್ಕಿಂತ ದೊಡ್ಡದು ಎಂದೇ ನಮ್ಮ ಅಭಿಪ್ರಾಯ.

ಅವಸರವೂ ಸಲ್ಲದೆಂದು ವಾದಿಸುವವರಿದ್ದಾರೆ. ಅದು ಸುಳ್ಳಲ್ಲ. ಸುಳ್ಳು ಪತ್ರವೊಂದು ನಿಜವಾದ ಅರ್ಹರ ಜಾಗವನ್ನು ಕಸಿಯುತ್ತದೆ. 1994ರ ಮಾಧುರಿ ಪಾಟೀಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಪರಿಶೀಲನಾ ಸಮಿತಿಗಳ ಕ್ರಮವನ್ನು ಹಾಕಿಕೊಟ್ಟದ್ದು ಇದಕ್ಕಾಗಿಯೇ. ಆದರೆ ಪರಿಶೀಲಿಸುವುದು ಒಂದು ಕೆಲಸ; ಕಡತದ ಮೇಲೆ ಕುಳಿತಿರುವುದು ಕೆಲಸವಲ್ಲ. 2016ರಲ್ಲಿ ರಾಮ್ ಕುಮಾರ್ ಗಿಜ್ರೋಯಾ ಪ್ರಕರಣದಲ್ಲಿ, ಕೊನೆಯ ದಿನಾಂಕ ಕಳೆದ ಮೇಲೆ ಪತ್ರ ಒಪ್ಪಿಸಿದ ಅಭ್ಯರ್ಥಿಯ ಪರವಾಗಿ ಅದೇ ನ್ಯಾಯಾಲಯ ತೀರ್ಪಿತ್ತಿತು. ಪತ್ರವು ಜಾತಿಯನ್ನು ಹುಟ್ಟಿಸುವುದಿಲ್ಲ, ಇರುವುದನ್ನು ದೃಢಪಡಿಸುತ್ತದೆ, ಅಷ್ಟೆ. ಎಲ್ಲರಿಗೂ ಎಲ್ಲ ಕಾಲಕ್ಕೂ ಈ ರಿಯಾಯಿತಿ ಸಿಕ್ಕೀತೆಂದು ಮಾತ್ರ ನೆಚ್ಚಲಾಗದು.

ಕರ್ನಾಟಕವು 2011ರ 'ಸಕಾಲ' ಕಾಯಿದೆಯಿಂದ ತಡಕ್ಕೊಂದು ಬೆಲೆ ಕಟ್ಟಿತು: ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500. ಗಡುವು ಇಟ್ಟದ್ದು ಮೆಚ್ಚತಕ್ಕದ್ದೇ. ಆದರೆ ಕೈತಪ್ಪಿದ ಕಾಲೇಜಿನ ಸೀಟಿಗೆ, ಮಗುವಿನ ಒಂದು ವರ್ಷಕ್ಕೆ, 500 ರೂಪಾಯಿ ಎಲ್ಲಿಗೆ ಸಾಲುತ್ತದೆ?

ಕೋರ್ಟಿಗೆ ಹೋಗಲು ಹಣ ಬೇಕು, ಬಿಡುವು ಬೇಕು, ಧೈರ್ಯ ಬೇಕು. ಈ ಪತ್ರದ ಅಗತ್ಯವೇ ಬೀಳದ ಮನೆಗಳು ನಮ್ಮ ನಡುವೆ ಬಹಳ. ಅಂಥವರಿಗೆ ಇದು ಬೇರೆಯವರ ಕಷ್ಟವೆಂದು ತೋರುವುದು ಸಹಜ, ಸರಿಯಲ್ಲ. ಅರ್ಜಿ ಬರೆದುಕೊಡುವುದು, ಸ್ವೀಕೃತಿ ರಸೀದಿಯನ್ನು ಜೋಪಾನವಾಗಿಡಲು ಹೇಳುವುದು, ರಜೆಯಲ್ಲಿ ಊರಿಗೆ ಹೋದಾಗ ನೆರೆಮನೆಯವರ ಕಾಗದವನ್ನೂ ವಿಚಾರಿಸಿ ಬರುವುದು, ಇವು ನಮ್ಮ ಕೈಲಾಗದ ಕೆಲಸಗಳಲ್ಲ. ಕಛೇರಿಯ ಮೌನವನ್ನು ನ್ಯಾಯಾಲಯ ಮುರಿಯಬಲ್ಲುದು. ನಮ್ಮ ಮೌನವನ್ನು ನಾವೇ ಮುರಿಯಬೇಕು.