ದಿಗಂಬರನ ಸುತ್ತ ಗೋಡೆ

ನಮ್ಮ ಶಾಂತಿಗ್ರಾಮದ ಹೆಸರು ಹೊಯ್ಸಳ ರಾಣಿ ಶಾಂತಲೆಯಿಂದ ಬಂದದ್ದೆಂದು ಊರಿನ ಹಿರಿಯರು ಹೇಳುತ್ತಾರೆ. ಆಕೆ 1123ರಲ್ಲಿ ಶ್ರವಣಬೆಳಗೊಳದ ಚಂದ್ರಗಿರಿಯ ಮೇಲೆ ಸವತಿಗಂಧವಾರಣ ಬಸದಿ ಕಟ್ಟಿಸಿದಳು. ಎದುರಿನ ವಿಂಧ್ಯಗಿರಿಯೋ, ನೆತ್ತಿಯಲ್ಲಿ ಬಾಹುಬಲಿಯ ಮೂರ್ತಿಯನ್ನು ಸುತ್ತುವರಿದ ಗೋಡೆಯಿಂದಾಗಿ, ದೂರದಿಂದ ನೋಡುವವರಿಗೆ ಕೋಟೆಯೇ.

ಗೆದ್ದ ರಾಜ್ಯವನ್ನು ಅಣ್ಣ ಭರತನಿಗೇ ಬಿಟ್ಟು ಹೊರಟವನು ಬಾಹುಬಲಿ. ಉಟ್ಟ ಬಟ್ಟೆಯೂ ಬೇಡವೆಂದವನಿಗೆ ಗೋಡೆ ಯಾಕೆ? ಮೆಟ್ಟಿಲು ಹತ್ತುವಾಗಲೆಲ್ಲ ನನ್ನನ್ನು ಕಾಡುವ ಪ್ರಶ್ನೆ ಇದು.

ಸುಮಾರು 981ರಲ್ಲಿ ಐವತ್ತೆಂಟು ಅಡಿಯ ಆ ಮೂರ್ತಿಯನ್ನು ಮಾಡಿಸಿದ ಚಾವುಂಡರಾಯ ಗಂಗರ ಮಂತ್ರಿ, ದಂಡನಾಯಕ. ಶತಮಾನ ಕಳೆದ ಮೇಲೆ ಅದರ ಸುತ್ತ ಸುತ್ತಾಲಯವೆಂಬ ಈ ಗೋಡೆಯ ಆವರಣ ಕಟ್ಟಿಸಿದ ಗಂಗರಾಜನೂ ಹೊಯ್ಸಳ ರಾಜ ವಿಷ್ಣುವರ್ಧನನ ದಂಡನಾಯಕ. ಇಬ್ಬರೂ ಕತ್ತಿ ಹಿಡಿದವರು. ರಕ್ತ ಕಂಡವರೇ ಯುದ್ಧ ಬಿಟ್ಟವನ ಪಾದಕ್ಕೆ ಬಂದರಲ್ಲ! ನನಗೆ ಬೆಟ್ಟದ ಎತ್ತರಕ್ಕಿಂತ ಇದೇ ದೊಡ್ಡದು.

ಆ ಗೋಡೆ ಅವನನ್ನು ಕಾಯುವುದಿಲ್ಲ. ಅವನ ಹೆಗಲು, ತಲೆ ಅದನ್ನು ಮೀರಿ ಬಯಲಿಗೆ ಕಾಣುತ್ತವೆ. ತೊಡೆಗೆ ಬಳ್ಳಿ ಹಬ್ಬಿದರೂ ಅಲುಗದವನಿಗೆ ಕಾವಲು ಬೇಡ. ಗೋಡೆ ಇರುವುದು ನಮಗಾಗಿ, ಹೊಸ್ತಿಲಲ್ಲಿ ಒಂದು ಗಳಿಗೆ ನಿಂತು ನಮ್ಮ ಗೆಲುವಿನ ಲೆಕ್ಕವನ್ನು ಹೊರಗಿಡಲಿ ಎಂದು.

ಮೂರ್ತಿ ಮಾಡಿಸಿದವನನ್ನೂ ಸುತ್ತಾಲಯ ಮಾಡಿಸಿದವನನ್ನೂ ಹೆಸರಿಸುವ ಶಾಸನಗಳು ಪಾದದ ಬಳಿಯೇ ಇವೆ. ಹೋದವರು ಮುಖವನ್ನಷ್ಟೇ ನೋಡಿ ಇಳಿಯಬೇಡಿ, ಅವನ್ನೂ ಓದಿ ಬನ್ನಿ.