ಗುಟ್ಟಿನ ಸಹೋದರತ್ವ

ಗುಟ್ಟೆಲ್ಲವೂ ಪಾಪವೇ? ಅಲ್ಲ. ಎಡಗೈಗೆ ತಿಳಿಯದಂತೆ ಬಲಗೈ ಕೊಡುವ ದಾನವನ್ನು ಪ್ರವಾದಿವರ್ಯರು(ಸ) ಹೊಗಳಿದ್ದಾರೆ. ಹಾಗಾದರೆ ಗುಪ್ತ ಸಂಘಗಳನ್ನು ಅಳೆಯುವುದು ಹೇಗೆ?

ಫ್ರೀಮೇಸನ್ನರನ್ನೇ ನೋಡಿ. ತಮ್ಮ ಮೊದಲ ಗ್ರ್ಯಾಂಡ್ ಲಾಡ್ಜ್ 1717ರಲ್ಲಿ ಲಂಡನ್ನಿನಲ್ಲಿ ಹುಟ್ಟಿತೆಂದು ಅವರು ಹೇಳುತ್ತಾರೆ. ಬ್ರಿಟಿಷರೊಂದಿಗೆ ಭಾರತಕ್ಕೂ ಬಂದರು. 1961ರಲ್ಲಿ ಭಾರತದ್ದೇ ಗ್ರ್ಯಾಂಡ್ ಲಾಡ್ಜ್ ಸ್ಥಾಪನೆಯಾಯಿತು. ಬೆಂಗಳೂರಿನಲ್ಲೂ ಅವರ ಶಾಖೆಗಳಿವೆ. ಒಳಗಿನವರಿಗಷ್ಟೇ ತಿಳಿದ ಗುರುತು, ಪ್ರಮಾಣಗಳಿವೆ, ದಾನಧರ್ಮವೂ ಇದೆ. ಲೋಕದ ಕೇಡಿಗೆಲ್ಲ ಅವರೇ ಕಾರಣರೆಂದು ಗಾಳಿಮಾತು ಹರಡುವುದು ಕುರ್‌ಆನ್ ತಡೆದ ಗುಮಾನಿಯೇ ಆಗುತ್ತದೆ.

ಆದರೂ ಒಂದು ಪ್ರಶ್ನೆ ಉಳಿಯುತ್ತದೆ. ಗುಟ್ಟಿನ ಗುರುತಿನಿಂದ ಒಬ್ಬನಿಗೆ ಕೆಲಸ ಸಿಕ್ಕರೆ, ಅರ್ಹನಾದ ಹೊರಗಿನವನ ಹಕ್ಕು ಏನಾಯಿತು? ಪ್ರವಾದಿವರ್ಯರು(ಸ) ಯೌವನದಲ್ಲಿ ಭಾಗಿಯಾದ ಮಕ್ಕಾದ ಹಿಲ್ಫುಲ್ ಫುಝೂಲ್ ಒಪ್ಪಂದ, ಊರವನೋ ಪರದೇಶಿಯೋ ಎಂದು ನೋಡದೆ ಅನ್ಯಾಯಕ್ಕೊಳಗಾದವನ ಪರ ನಿಲ್ಲಲು ಆದದ್ದು. 1938ರಲ್ಲಿ ಮದ್ದೂರು ಬಳಿಯ ಶಿವಪುರದಲ್ಲಿ ಧ್ವಜ ಹಾರಿಸಿದವರೂ ನಿಷೇಧಾಜ್ಞೆಯನ್ನು ಎಲ್ಲರೆದುರೇ ಮುರಿದರು.

ಓದುಗರೇ, ಲಾಡ್ಜ್ ದೂರದ ಮಾತು. ಮಂಡ್ಯವಿರಲಿ, ಮದ್ದೂರಿರಲಿ, ಮಳವಳ್ಳಿಯಿರಲಿ, ನಮ್ಮ ಜಮಾಅತ್‌ನಲ್ಲೇ ನಾಲ್ವರು ಬಾಗಿಲು ಮುಚ್ಚಿ ಝಕಾತಿನ ಹಣವನ್ನು ತಮ್ಮವರಿಗೇ ಹಂಚಿದರೆ ಅದೂ ಗುಪ್ತ ಸಂಘವೇ. ಪಡೆದ ಬಡವನ ಹೆಸರು ಗುಟ್ಟಾಗಿರಲಿ. ಕೊಟ್ಟ ಹಣದ ಲೆಕ್ಕ ಬಯಲಲ್ಲಿರಲಿ.